ಮೊದಲ ದಿನ ಆಸ್ಪತ್ರೆಯಲ್ಲಿ ಬರೆದ ಸಾಲು

ಓದುಗರ ಪತ್ರ: ಬೈಕಿನಲ್ಲಿ ಬರುತ್ತಿದ್ದ ನನ್ನ ತಮ್ಮನಿಗೆ ಗೂಡ್ಸ್ ಆಟೊ ಗುದ್ದಿ ಕಾಲು ಮುರಿಯಿತು. ಶಸ್ತ್ರಚಿಕಿತ್ಸೆಯ ಗಡಿಬಿಡಿಯಲ್ಲಿ ದೂರು ಕೊಡುವುದು ಹನ್ನೆರಡು ದಿನ ತಡವಾಯಿತು. ಈಗ ವಿಮಾ ಕಂಪನಿಯವರು ಇದು ಸುಳ್ಳು ಪ್ರಕರಣ ಎನ್ನುತ್ತಿದ್ದಾರೆ. ಪರಿಹಾರ ತೀರ್ಮಾನಿಸುವ ಮೋಟಾರು ಅಪಘಾತ ನ್ಯಾಯಮಂಡಳಿ ಅವರ ಮಾತನ್ನೇ ನಂಬಿಬಿಡುತ್ತದೆಯೇ?
– ಓದುಗರೊಬ್ಬರು, ಚನ್ನರಾಯಪಟ್ಟಣ

ಸಂಪಾದಕರ ಉತ್ತರ: ಇಲ್ಲ. ದೂರು ತಡವಾಯಿತೆಂಬ ಒಂದೇ ಕಾರಣಕ್ಕೆ ಪರಿಹಾರದ ಅರ್ಜಿ ಬಿದ್ದುಹೋಗಬಾರದು ಎಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ. ಮನೆಯವನು ರಕ್ತದ ಮಡುವಿನಲ್ಲಿರುವಾಗ ಯಾರೂ ಮೊದಲು ಠಾಣೆಗೆ ಓಡುವುದಿಲ್ಲ. ಆದರೆ ಅದೇ ತೀರ್ಪು, ತಡವಾದ ಪ್ರಕರಣಗಳಲ್ಲಿ ಸಾಕ್ಷ್ಯವನ್ನು ಇನ್ನಷ್ಟು ಸೂಕ್ಷ್ಮವಾಗಿ ನೋಡಬೇಕು ಎಂದೂ ಹೇಳಿದೆ.

ವಿಮಾ ಕಂಪನಿಗಳ ಅನುಮಾನ ಸುಮ್ಮನೆ ಹುಟ್ಟಿದ್ದಲ್ಲ. ತಾನೇ ಜಾರಿ ಬಿದ್ದವನಿಗೆ ತನ್ನ ಬೈಕಿನ ಥರ್ಡ್ ಪಾರ್ಟಿ ವಿಮೆಯಿಂದ (ಅದು ಬೇರೆಯವರಿಗಾದ ಹಾನಿಗೆ ಸಲ್ಲುವ ವಿಮೆ) ಪರಿಹಾರ ಸಿಗುವುದಿಲ್ಲ. ಆಗ ಕೆಲವರು ವಿಮೆಯಿರುವ ಇನ್ನೊಂದು ವಾಹನವನ್ನು ತಂದು ಕಥೆಯೊಳಗೆ ನಿಲ್ಲಿಸುತ್ತಾರೆ. ಉತ್ತರ ಪ್ರದೇಶದಲ್ಲಿ ಇಂಥ ಅರ್ಜಿಗಳು ಎಷ್ಟಾದವೆಂದರೆ, 2015ರಲ್ಲಿ ಅಲಹಾಬಾದ್ ಹೈಕೋರ್ಟ್ ವಿಶೇಷ ತನಿಖಾ ತಂಡವನ್ನೇ ರಚಿಸುವಂತೆ ಆದೇಶಿಸಬೇಕಾಯಿತು. ವಾಹನದ ಮಾಲೀಕನೂ ಅರ್ಜಿದಾರನೂ ಶಾಮೀಲಾಗಿದ್ದಾರೆ ಎನಿಸಿದರೆ, ಮಾಲೀಕ ಎತ್ತಬಹುದಾದ ಎಲ್ಲ ತಕರಾರುಗಳನ್ನೂ ಎತ್ತಲು ಮೋಟಾರು ವಾಹನ ಕಾಯ್ದೆಯ 170ನೇ ಕಲಂ ವಿಮಾ ಕಂಪನಿಗೆ ಅವಕಾಶ ಕೊಡುತ್ತದೆ.

ಕ್ರಿಮಿನಲ್ ಮೊಕದ್ದಮೆಯಲ್ಲಿ ಕೇಳುವಂಥ ಸಂಶಯಾತೀತ ಪುರಾವೆಯನ್ನು ನ್ಯಾಯಮಂಡಳಿ ಕೇಳುವುದಿಲ್ಲ. ಯಾರು ಹೇಳಿದಂತೆ ನಡೆದಿರುವ ಸಂಭವ ಹೆಚ್ಚು ಎಂದಷ್ಟೇ ತೂಗುತ್ತದೆ. ಸ್ಥಳ ಮಹಜರು, ಮೋಟಾರು ವಾಹನ ನಿರೀಕ್ಷಕರ ವರದಿ, ದೋಷಾರೋಪ ಪಟ್ಟಿ ಎಲ್ಲವೂ ತಕ್ಕಡಿಗೆ ಬರುತ್ತವೆ. ಆಟೊದ ಬಂಪರ್ ನೆಗ್ಗಿರುವ ಎತ್ತರಕ್ಕೂ ಬೈಕಿಗೆ ಪೆಟ್ಟು ಬಿದ್ದಿರುವ ಜಾಗಕ್ಕೂ ತಾಳೆಯಾಗುತ್ತದೆಯೇ ಎಂದು ನೋಡುತ್ತಾರೆ.

ಆದರೆ ಎಲ್ಲಕ್ಕಿಂತ ಭಾರವಾದದ್ದು ಆಸ್ಪತ್ರೆಯ ಕೇಸ್ ಶೀಟ್. ಗಾಯಾಳುವನ್ನು ದಾಖಲಿಸಿಕೊಂಡ ಆ ಗಳಿಗೆಯಲ್ಲಿ ಡ್ಯೂಟಿ ಡಾಕ್ಟರ್ ಗಾಯದ ಕಾರಣವೆಂದು ಒಂದು ಸಾಲು ಗೀಚಿರುತ್ತಾರೆ. ಅದರಲ್ಲಿ ‘ವಾಹನ ಡಿಕ್ಕಿ’ ಎಂದಿದ್ದರೆ ಹನ್ನೆರಡು ದಿನದ ವಿಳಂಬ ದೊಡ್ಡದಲ್ಲ. ‘ಬೈಕಿನಿಂದ ಬಿದ್ದು’ ಎಂದಷ್ಟೇ ಇದ್ದರೆ ವಿಮಾ ಕಂಪನಿಯ ವಕೀಲರು ಆ ಒಂದು ಸಾಲನ್ನೇ ಹಿಡಿದು ಪಾಟೀಸವಾಲು ನಡೆಸುತ್ತಾರೆ.

ಹಾಗೆಂದು ಆ ಸಾಲು ಸದಾ ಸತ್ಯವೂ ಅಲ್ಲ, ಇದನ್ನು ನಾನು ಒತ್ತಿ ಹೇಳುತ್ತೇನೆ. ಗಾಯಾಳು ಪ್ರಜ್ಞೆ ತಪ್ಪಿರುತ್ತಾನೆ. ಕರೆತಂದ ದಾರಿಹೋಕ ಪೊಲೀಸರ ರಗಳೆಗೆ ಹೆದರಿ ‘ಬಿದ್ದಿದ್ದ, ಎತ್ತಿಕೊಂಡು ಬಂದೆ’ ಎಂದು ಹೇಳಿ ಹೋಗಿರುತ್ತಾನೆ. ಆ ಮಾತು ಹೇಳಿದವರು ಯಾರೆಂದು ತಿಳಿಯದೆ ಒಬ್ಬ ಬಡವನ ಅರ್ಜಿಯನ್ನು ಸುಳ್ಳೆಂದು ತಳ್ಳಿಹಾಕುವುದು ಅನ್ಯಾಯ. ಬರೆದ ವೈದ್ಯರಿಗೆ ಸಮನ್ಸ್ ಕಳಿಸಿ ಸಾಕ್ಷಿಕಟ್ಟೆಗೆ ಕರೆಸುವ ಅಧಿಕಾರ ನ್ಯಾಯಮಂಡಳಿಗೆ ಇದೆ. ನಿಮ್ಮ ವಕೀಲರು ಅದನ್ನು ಕೇಳಲೇಬೇಕು.

ಈ ವಾರವೇ ಕೇಸ್ ಶೀಟಿನ ದೃಢೀಕೃತ ಪ್ರತಿಗೆ ಆಸ್ಪತ್ರೆಯಲ್ಲಿ ಅರ್ಜಿ ಹಾಕಿ. ತಮ್ಮನನ್ನು ಎತ್ತಿ ತಂದವರು ಯಾರೆಂದು ಪತ್ತೆಹಚ್ಚಿ. ದಾಖಲೆ ತಿದ್ದಿಸಿಕೊಡುತ್ತೇನೆಂದು ಯಾರಾದರೂ ಬಂದರೆ ಹೊಸ್ತಿಲು ದಾಟಗೊಡಬೇಡಿ. ಪ್ರತಿ ಕೈಗೆ ಬಂದ ಮೇಲೆ ಅದರಲ್ಲಿ ಏನಿದೆಯೆಂದು ನಮಗೆ ಬರೆಯಿರಿ.