‘ಲುಕ್ ಬ್ಯಾಕ್ ಇನ್ ಆಂಗರ್’ ದುಡಿಯುವವರ ನಾಟಕ ಅಂತಾರೆ, ಅದರಲ್ಲಿ ದುಡಿಮೆ ಎಲ್ಲಿದೆ?

ನಿಮ್ಮ ಪ್ರಶ್ನೆ ಇಷ್ಟು: ಎಂಎಗೆ ಈ ನಾಟಕ ಪಾಠಕ್ಕಿದೆ. ಮೂರೂ ಅಂಕ ಓದಿದರೂ ಗಂಡ ಹೆಂಡತಿಯನ್ನು ಬೈಯುವುದು ಬಿಟ್ಟು ಬೇರೇನೂ ಕಾಣಲಿಲ್ಲ. ಇದನ್ನು ದುಡಿಯುವ ವರ್ಗದ ಹುಡುಗರ ನಾಟಕ ಅಂತ ಯಾಕೆ ಕರೆಯುತ್ತಾರೆ? ನಿಜವಾಗಿ ಕೆಲಸದ ಬಗ್ಗೆ ಬರೆದದ್ದು ಏನಿದೆ?

ನಾನು ಇಂಗ್ಲಿಷ್ ಮೇಷ್ಟ್ರಲ್ಲ. ಐಟಿಐ ಮುಗಿಸಿ ಪೀಣ್ಯದ ಒಂದು ಕಾರ್ಖಾನೆಯಲ್ಲಿ ನಾಲ್ಕು ವರ್ಷ ಲೇತ್, ಅಂದರೆ ಲೋಹ ಕಡೆಯುವ ಯಂತ್ರ, ಓಡಿಸಿದವನು. ಎಂಎ ಮಾಡಿದ್ದು ಆಮೇಲೆ, ದೂರಶಿಕ್ಷಣದಲ್ಲಿ. ಮೊದಲು ಶಿಫ್ಟು, ಆಮೇಲೆ ಸಿಲೆಬಸ್ಸು. ಹಾಗಾಗಿ ನಿಮ್ಮ ಸಿಟ್ಟು ನನಗೆ ಚೆನ್ನಾಗಿ ಗೊತ್ತು. ಆದರೆ ಅದರಲ್ಲಿ ಅರ್ಧ ಮಾತ್ರ ಸರಿ ಅಂತ ನನ್ನ ಲೆಕ್ಕ.

ಜಾನ್ ಆಸ್ಬೋರ್ನ್ ಬರೆದ ಈ ನಾಟಕ 1956ರ ಮೇ 8ರಂದು ಲಂಡನ್ನಿನ ರಾಯಲ್ ಕೋರ್ಟ್ ರಂಗಮಂದಿರದಲ್ಲಿ ಮೊದಲ ಪ್ರದರ್ಶನ ಕಂಡಿತು. ಜಿಮ್ಮಿ ಪೋರ್ಟರ್ ಓದಿದವನೇ. ಡಿಗ್ರಿ ಇದ್ದೂ ಮಾರ್ಕೆಟ್ಟಿನಲ್ಲಿ ಮಿಠಾಯಿ ಮಾರುತ್ತಾನೆ. ಆಗಿನ ಇಂಗ್ಲೆಂಡಿನಲ್ಲಿ 1944ರ ಶಿಕ್ಷಣ ಕಾಯ್ದೆ ಬಂದು ಹೈಸ್ಕೂಲು ಎಲ್ಲರಿಗೂ ಪುಕ್ಕಟೆಯಾಗಿತ್ತು. ಬಡವರ ಮಕ್ಕಳಲ್ಲೂ ಕೆಲವರು ಮೇಲಕ್ಕೆ ಹೋದರು. ಹೋದಮೇಲೆ ನೋಡಿದರೆ ಕುರ್ಚಿಗಳ ಮೇಲೆ ಹಳಬರೇ ಕೂತಿದ್ದರು. ಜಿಮ್ಮಿಯ ಉರಿ ಅಲ್ಲಿಂದ ಬಂದದ್ದು. ಅವನು ಮದುವೆಯಾದದ್ದು ಇಂಡಿಯಾದಲ್ಲಿ ಸೇವೆ ಮಾಡಿ 1947ರಲ್ಲಿ ಊರಿಗೆ ಮರಳಿದ ಕರ್ನಲ್ಲನ ಮಗಳು ಅಲಿಸನ್ನಳನ್ನು. ಆ ಇಡೀ ವರ್ಗದ ಮೇಲಿನ ಸೇಡನ್ನು ಮನೆಯೊಳಗೆ ಒಬ್ಬಳ ಮೇಲೆ ತೀರಿಸಿಕೊಳ್ಳುತ್ತಾನೆ. ನಿಮಗೆ ರೇಗಿದ್ದು ಅದಕ್ಕೇ, ಅಲ್ವಾ?

ಈಗ ಒಂದು ಸಂಗತಿ ಗಮನಿಸಿ. ಮಿಠಾಯಿ ಅಂಗಡಿ ರಂಗದ ಮೇಲೆ ಒಮ್ಮೆಯೂ ಬರುವುದಿಲ್ಲ. ಮೂರೂ ಅಂಕ ಒಂದೇ ಕೋಣೆಯಲ್ಲಿ ನಡೆಯುತ್ತದೆ. ಮೊದಲ ಅಂಕದಲ್ಲಿ ಗಂಡಸರು ಭಾನುವಾರದ ಪೇಪರ್ ಹಿಡಿದು ಕೂತಿರುತ್ತಾರೆ, ಅಲಿಸನ್ ಇಸ್ತ್ರಿ ಮಾಡುತ್ತಿರುತ್ತಾಳೆ. ಅವಳು ಮನೆ ಬಿಟ್ಟುಹೋದ ಮೇಲೆ ಮೂರನೇ ಅಂಕ ಶುರುವಾದಾಗ ಅದೇ ಇಸ್ತ್ರಿ ಹಲಗೆಯ ಮುಂದೆ ಅವಳ ಗೆಳತಿ ಹೆಲೆನಾ ನಿಂತಿರುತ್ತಾಳೆ. ಹೆಂಗಸು ಬದಲಾದಳು, ಹಲಗೆ ಬದಲಾಗಲಿಲ್ಲ. ಮಾತೆಲ್ಲ ಜಿಮ್ಮಿಯದು, ಕೆಲಸವೆಲ್ಲ ಅವರದು. ಇದನ್ನು ಆಸ್ಬೋರ್ನ್ ಎಷ್ಟು ಬೇಕೆಂದೇ ಮಾಡಿದನೋ, ನಾಟಕದಲ್ಲಂತೂ ಇದೆ. ಪರೀಕ್ಷೆಯಲ್ಲಿ ಜಿಮ್ಮಿಯ ಕೋಪದ ಬಗ್ಗೆ ನೂರು ಜನ ಬರೆಯುತ್ತಾರೆ. ನೀವು ಇಸ್ತ್ರಿ ಪೆಟ್ಟಿಗೆ ಬಗ್ಗೆ ಬರೆಯಿರಿ.

ಹೊರಗಿನ ಕೆಲಸ ನೋಡಬೇಕೆಂದರೆ ಮಾತ್ರ ಬೇರೆಯವರ ಹತ್ತಿರ ಹೋಗಬೇಕು. ನನ್ನ ಮಟ್ಟಿಗೆ ಮೊದಲನೆಯವನು ಅಲನ್ ಸಿಲಿಟೋ. ನಾಟಿಂಗ್‌ಹ್ಯಾಮ್ ಊರಿನವನು. 14ಕ್ಕೆ ಶಾಲೆ ಬಿಟ್ಟು ಅಲ್ಲಿನ ರಾಲೆ ಸೈಕಲ್ ಕಾರ್ಖಾನೆ ಸೇರಿದ. ನಮ್ಮ ಅಜ್ಜಂದಿರು ಬಾಯಿತುಂಬ ಹೇಳುತ್ತಿದ್ದರಲ್ಲ, ಅದೇ ರಾಲೆ. ಆಮೇಲೆ ವಾಯುಪಡೆಯಲ್ಲಿ ಮಲಯಾಗೆ ಹೋಗಿ ಕ್ಷಯ ಹಿಡಿಸಿಕೊಂಡ. ಹಾಸಿಗೆ ಹಿಡಿದಾಗ ಓದುವ, ಬರೆಯುವ ಹುಚ್ಚು ಹತ್ತಿತು. ‘ಸ್ಯಾಟರ್ಡೇ ನೈಟ್ ಅಂಡ್ ಸಂಡೇ ಮಾರ್ನಿಂಗ್’ 1958ರಲ್ಲಿ ಬಂತು. ಅದರ ನಾಯಕ ಆರ್ಥರ್ ಸೀಟನ್ ಸೈಕಲ್ ಕಾರ್ಖಾನೆಯ ಲೇತ್ ಆಪರೇಟರ್.

ಈ ಕಾದಂಬರಿಯಲ್ಲಿ ಲೇತಿನ ಮುಂದೆ ಆರ್ಥರ್ ಹಾಕುವ ಲೆಕ್ಕವೊಂದಿದೆ. ಅವನದು ಪೀಸ್ ರೇಟ್, ನೂರು ಪೀಸಿಗೆ ನಾಲ್ಕೂವರೆ ಶಿಲ್ಲಿಂಗ್. ದಿನಕ್ಕೆ 1400 ಪೀಸ್ ತೆಗೆದರೆ ಒಳ್ಳೆ ಕೂಲಿ. ಬೆಳಿಗ್ಗೆಯೇ ಸಾವಿರ ಮುಗಿಸಿಬಿಟ್ಟರೆ ಮಧ್ಯಾಹ್ನ ನಿಧಾನಕ್ಕೆ ಓಡಿಸಬಹುದು. ಆದರೆ ಜಾಸ್ತಿ ಜೋರು ತೋರಿಸುವ ಹಾಗಿಲ್ಲ. ರೇಟ್ ನೋಡುವವನು ಬಂದು ಪಕ್ಕದಲ್ಲಿ ನಿಂತರೆ ಕೈ ನಿಧಾನ ಆಗಬೇಕು. ಇಲ್ಲದಿದ್ದರೆ ಮುಂದಿನ ವಾರ ರೇಟೇ ಇಳಿಯುತ್ತದೆ.

ಇದನ್ನು ಓದಿದಾಗ ಪುಸ್ತಕ ಮುಚ್ಚಿಟ್ಟು ಸುಮ್ನೆ ಕೂತೆ. ನಮ್ಮ ಶಾಪಿನಲ್ಲಿ ಒಂದು ಕೆಲಸಕ್ಕೆ ಎಷ್ಟು ಹೊತ್ತು ಬೇಕು ಅಂತ ಅಳೆಯುವ ಟೈಮ್ ಸ್ಟಡಿಯವರು ಸ್ಟಾಪ್‌ವಾಚ್ ಹಿಡಿದು ಬಂದ ದಿನ ಹಳಬರು ಇದನ್ನೇ ಹೇಳಿಕೊಟ್ಟಿದ್ದರು: ಜಾಬ್ (ಕಡೆದ ತುಂಡು) ಬಿಚ್ಚುವಾಗ ಒಂದು ಸಲ ಒರೆಸು, ಗೇಜ್ ಹಾಕಿ ಅಳೆಯುವಾಗ ಎರಡು ಸಲ ನೋಡು. ನಾನು ಹೊಸಬ. ಹುರುಪಿನಲ್ಲಿ ಗಂಟೆಗೆ ಆರು ಬುಶ್ (ಕೊಳವೆಯಂಥ ಸಣ್ಣ ಬಿಡಿಭಾಗ) ಜಾಸ್ತಿ ತೆಗೆದು ತೋರಿಸಿದೆ. ತಿಂಗಳು ಕಳೆಯುವುದರೊಳಗೆ ಅದೇ ಎಲ್ಲರ ಟಾರ್ಗೆಟ್ ಆಯಿತು. ಎರಡು ವಾರ ಯಾರೂ ನನ್ನ ಜೊತೆ ಊಟಕ್ಕೆ ಕೂರಲಿಲ್ಲ. ಈ ಪಾಠವನ್ನು ಕಾದಂಬರಿಯ ಬಲಕ್ಕೆ ಬಳಸಿಕೊಂಡವರನ್ನು ನಾನು ಹೆಚ್ಚು ನೋಡಿಲ್ಲ. ಕಾರ್ಖಾನೆ ಅಂದಕೂಡಲೇ ಹೊಗೆ, ಬೆವರು, ಶೋಷಣೆ ಅಂತ ಬರೆಯುವವರು ಬೇಕಾದಷ್ಟಿದ್ದಾರೆ. ಸಿಲಿಟೋ ಆಪರೇಟರನ ತಲೆಯೊಳಗಿನ ಗಣಿತ ಬರೆದ.

ಆರ್ಥರ್ ಒಳ್ಳೆಯವನು ಅಂತ ತಿಳಿಯಬೇಡಿ. ಕುಡಿಯುತ್ತಾನೆ, ಸುಳ್ಳು ಹೇಳುತ್ತಾನೆ, ಜೊತೆಗೆ ದುಡಿಯುವವನ ಹೆಂಡತಿಯ ಸಹವಾಸ ಮಾಡುತ್ತಾನೆ. ಕೈತುಂಬ ಸಂಬಳ ಇದೆ, ಒಳ್ಳೆ ಸೂಟುಗಳಿವೆ. ಹಸಿವಿಲ್ಲದ ಕಾರ್ಮಿಕನ ಕಥೆ ಇದು. ಹೊಟ್ಟೆ ತುಂಬಿದಮೇಲೂ ಉಳಿಯುವ ಕಿರಿಕಿರಿ ಎಂಥದ್ದು ಅಂತ ಕೇಳುತ್ತದೆ.

ಅದೇ ಪ್ರಶ್ನೆಯನ್ನು ಇನ್ನೂ ನೇರವಾಗಿ ಕೇಳಿದವನು ಆರ್ನಾಲ್ಡ್ ವೆಸ್ಕರ್. ಲಂಡನ್ನಿನ ಈಸ್ಟ್ ಎಂಡ್‌ನ ಬಡ ಯಹೂದಿ ಮನೆಯ ಹುಡುಗ. ಹೋಟೆಲ್ ಅಡುಗೆಮನೆಗಳಲ್ಲಿ ಕೆಲಸ ಮಾಡಿದವನು. 1959ರಲ್ಲಿ ರಂಗಕ್ಕೆ ಬಂದ ಅವನ ‘ದ ಕಿಚನ್’ ನಾಟಕದಲ್ಲಿ ಸುಮಾರು 30 ಪಾತ್ರಗಳು. ಬೆಳಿಗ್ಗೆ ಒಲೆ ಹಚ್ಚುವುದರಿಂದ ಶುರು. ರಂಗದ ಮೇಲೆ ನಿಜವಾದ ಅಡುಗೆ ಸಾಮಾನೇ ಇರುವುದಿಲ್ಲ. ಹೆಚ್ಚುವುದು, ಕಲಸುವುದು, ಕರಿಯುವುದು ಎಲ್ಲ ಬರಿ ಕೈಯ ಅಭಿನಯ. ಮಧ್ಯಾಹ್ನದ ಊಟದ ಹೊತ್ತಿಗೆ ವೇಟ್ರೆಸ್‌ಗಳು ಕೂಗುತ್ತಾ ನುಗ್ಗುತ್ತಾರೆ, ವೇಗ ಏರುತ್ತಲೇ ಹೋಗುತ್ತದೆ. ಅಂದೇ ಸೇರಿದ ಹೊಸ ಅಡುಗೆಯವನಿಗೆ ಇವರಿಗೆಲ್ಲ ಹುಚ್ಚು ಹಿಡಿದಿದೆಯಾ ಅನ್ನಿಸುತ್ತದೆ. ನಮ್ಮ ದರ್ಶಿನಿಗಳಲ್ಲಿ ಬೆಳಿಗ್ಗೆ ಒಂಬತ್ತಕ್ಕೆ ದೋಸೆ ಕಾವಲಿ ಮುಂದೆ ನಿಂತವನನ್ನು ನೋಡಿದ್ದರೆ ನಿಮಗೂ ಹಾಗೆ ಅನ್ನಿಸಿರುತ್ತದೆ.

ಆಮೇಲೆ ಮಧ್ಯಾಹ್ನದ ಬಿಡುವು. ಪೀಟರ್ ಅನ್ನುವ ಜರ್ಮನ್ ಅಡುಗೆಯವನು ಎಲ್ಲರನ್ನೂ ಕೇಳುತ್ತಾನೆ: ನಿಮ್ಮ ಕನಸು ಏನು? ಒಬ್ಬ ದುಡ್ಡು ಅನ್ನುತ್ತಾನೆ, ಒಬ್ಬನಿಗೆ ನಿದ್ದೆ ಸಾಕು. ದೊಡ್ಡ ಕನಸು ಕಾಣಲು ಯಾರಿಗೂ ಬರುವುದಿಲ್ಲ. ಕೇಳಿದ ಪೀಟರನಿಗೂ ಅಷ್ಟೇ. ಕೊನೆಗೆ ಅವನು ಮಚ್ಚಿನಿಂದ ಗ್ಯಾಸ್ ಪೈಪ್ ಕಡಿದುಬಿಡುತ್ತಾನೆ. ಒಲೆಗಳೆಲ್ಲ ಆರುತ್ತವೆ. ಓಡಿಬಂದ ಮಾಲೀಕನಿಗೆ ಅರ್ಥವೇ ಆಗುವುದಿಲ್ಲ: ಕೆಲಸ ಕೊಟ್ಟಿದ್ದೇನೆ, ಸಂಬಳ ಕೊಡುತ್ತೇನೆ, ಊಟ ಇಲ್ಲೇ ಆಗುತ್ತದೆ, ಇನ್ನೇನು ಬೇಕು? ಅವನು ಕೆಟ್ಟವನಲ್ಲ. ನಿಜವಾಗಿಯೂ ತಿಳಿಯದೆ ಕೇಳುತ್ತಾನೆ. ನಾಟಕ ಉತ್ತರ ಕೊಡದೆ ಮುಗಿಯುತ್ತದೆ.

ವೆಸ್ಕರನದೇ ‘ರೂಟ್ಸ್’ (1959) ಬೇರೆ ಜಾತಿಯ ನಾಟಕ. ನಾರ್‌ಫೋಕ್‌ನ ಕೃಷಿ ಕೂಲಿಕಾರರ ಮನೆ. ಮಗಳು ಬೀಟಿ ಲಂಡನ್ನಿನಿಂದ ಬಂದಿದ್ದಾಳೆ, ಬಾಯಿ ತೆಗೆದರೆ ತನ್ನ ಹುಡುಗ ರಾನಿ ಹೇಳಿದ ಮಾತುಗಳೇ. ಕೇಕ್ ಮಾಡಲು ಹೊರಟರೆ ಕರೆಂಟ್ ಬಿಲ್ ಜಾಸ್ತಿಯಾಗುತ್ತೆ ಅಂತ ಅಪ್ಪನ ತಕರಾರು. ಎಲ್ಲರೂ ಕಾಯುವ ಆ ರಾನಿ ಕೊನೆಗೂ ಬರುವುದಿಲ್ಲ. ಬರುವುದು ಸಂಬಂಧ ಮುರಿದ ಪತ್ರ. ಆಗ ಬೀಟಿ ಮೊದಲ ಸಲ ತನ್ನ ಸ್ವಂತ ಮಾತು ಆಡುತ್ತಾಳೆ. ಹಾಸ್ಟೆಲಿನಿಂದ ಮನೆಗೆ ಹೋಗಿ ಅಮ್ಮನ ಮುಂದೆ ಲೆಕ್ಚರರ ಮಾತನ್ನು ಒಪ್ಪಿಸಿದ ಯಾರಿಗಾದರೂ ಇದು ಚುಚ್ಚುತ್ತದೆ.

ನೀವು ಒಂದೇ ಓದುವುದಾದರೆ ‘ಎ ಟೇಸ್ಟ್ ಆಫ್ ಹನಿ’ ಓದಿ. ಬರೆದವಳು ಸಾಲ್ಫರ್ಡ್‌ನ ಶೀಲಾ ಡಿಲೇನಿ. 1958ರ ಮೇ ತಿಂಗಳಲ್ಲಿ ನಿರ್ದೇಶಕಿ ಜೋನ್ ಲಿಟಲ್‌ವುಡ್ ಅದನ್ನು ಲಂಡನ್ನಿನ ಸ್ಟ್ರಾಟ್‌ಫರ್ಡ್ ಈಸ್ಟ್‌ನಲ್ಲಿ ರಂಗಕ್ಕೆ ತಂದಾಗ ಆಕೆಗೆ ಬರಿ 19. ಆಸ್ಬೋರ್ನ್ ಥರದ ಆ ಕಾಲದ ಬರಹಗಾರರಿಗೆ ಹಚ್ಚಿದ ‘ಸಿಟ್ಟಿನ ಯುವಕರು’ (ಆಂಗ್ರಿ ಯಂಗ್ ಮೆನ್) ಅನ್ನುವ ಪಟ್ಟಿಯಲ್ಲಿ ಈಕೆ ಎಲ್ಲಿ ಕೂರಬೇಕು ಹೇಳಿ! ಬೇಜವಾಬ್ದಾರಿ ತಾಯಿ ಹೆಲೆನ್, ಶಾಲೆ ಮುಗಿಸುವ ವಯಸ್ಸಿನ ಮಗಳು ಜೋ. ಮತ್ತೆ ಮತ್ತೆ ಬದಲಾಗುವ ಬಾಡಿಗೆ ಕೋಣೆ. ಕರಿಯ ನಾವಿಕನೊಬ್ಬ ಪ್ರೀತಿಸಿ ಹೊರಟುಹೋಗುತ್ತಾನೆ. ಬಸುರಿ ಜೋಳನ್ನು ನೋಡಿಕೊಳ್ಳುವವನು ಸಲಿಂಗಿ ಗೆಳೆಯ ಜೆಫ್. ಇಂಗ್ಲೆಂಡಿನಲ್ಲಿ ಅದು ಅಪರಾಧ ಅನ್ನಿಸಿಕೊಂಡಿದ್ದ ಕಾಲ, ಕಾನೂನು ಬದಲಾದದ್ದು 1967ರಲ್ಲಿ. ಆದರೂ ನಾಟಕದಲ್ಲಿ ಭಾಷಣವಿಲ್ಲ. ತಾಯಿ ಮಗಳ ಜಗಳ ಎಷ್ಟು ಚುರುಕಾಗಿದೆ ಅಂದರೆ ನಗುತ್ತಲೇ ಓದುತ್ತೀರಿ. ಬಾಡಿಗೆ ಕಟ್ಟಲು ಜೋ ಹಗಲು ಚಪ್ಪಲಿ ಅಂಗಡಿ, ರಾತ್ರಿ ಬಾರ್ ಅಂತ ಎರಡು ಕೆಲಸ ಮಾಡುವ ವಿಷಯ ಒಂದೆರಡು ಸಾಲಿನಲ್ಲಿ ಬಂದು ಹೋಗುತ್ತದೆ. ಬಡವರ ಮನೆಯಲ್ಲಿ ಅದು ದೊಡ್ಡ ಸುದ್ದಿಯೇ ಅಲ್ಲವಲ್ಲ.

ಜಾನ್ ಬ್ರೇನ್‌ನ ‘ರೂಮ್ ಅಟ್ ದ ಟಾಪ್’ (1957) ನನಗೆ ಅಷ್ಟಾಗಿ ಹಿಡಿಸಲಿಲ್ಲ. ಶ್ರೀಮಂತರ ಮಗಳನ್ನು ಕಟ್ಟಿಕೊಂಡು ಮೇಲೇರುವವನ ಕಥೆ. ಕೀತ್ ವಾಟರ್‌ಹೌಸ್‌ನ ‘ಬಿಲ್ಲಿ ಲಯರ್’ (1959) ಹಿಡಿಸಿತು. ಶವಸಂಸ್ಕಾರದ ಕಂಪನಿಯ ಗುಮಾಸ್ತ ಬಿಲ್ಲಿ, ಪೋಸ್ಟ್ ಮಾಡಬೇಕಾದ ಕಂಪನಿ ಕ್ಯಾಲೆಂಡರುಗಳನ್ನು ಮನೆಯಲ್ಲಿ ಬಚ್ಚಿಟ್ಟು ತನ್ನದೇ ಕಲ್ಪನೆಯ ದೇಶ ಆಳುತ್ತಿರುತ್ತಾನೆ. ಲಂಡನ್ ರೈಲು ಹತ್ತುವ ಧೈರ್ಯ ಮಾತ್ರ ಬರುವುದಿಲ್ಲ.

ಸ್ವಲ್ಪ ಈಚೆಗೆ ಬಂದರೆ ಬ್ಯಾರಿ ಹೈನ್ಸ್‌ನ ‘ಎ ಕೆಸ್ಟ್ರೆಲ್ ಫಾರ್ ಎ ನೇವ್’ (1968). ಯಾರ್ಕ್‌ಶೈರಿನ ಕಲ್ಲಿದ್ದಲು ಊರು. ಬಿಲ್ಲಿ ಕ್ಯಾಸ್ಪರ್ ಒಂದು ಚಿಕ್ಕ ಗಿಡುಗವನ್ನು ಪಳಗಿಸಿದ್ದಾನೆ. ಶಾಲೆ ಬಿಡುವ ಹುಡುಗರಿಗೆ ಕೆಲಸ ಹೇಳುವ ಅಧಿಕಾರಿಯ ಮುಂದೆ ಅವನ ಸರದಿ ಬರುತ್ತದೆ. ಆಫೀಸ್ ಕೆಲಸವೋ ಕೈಕೆಲಸವೋ ಅಂತ ಆತ ಕೇಳುತ್ತಾನೆ. ಗಣಿಗೆ ಇಳಿಯುವುದಿಲ್ಲ ಅನ್ನುವುದೊಂದು ಬಿಟ್ಟರೆ ಹುಡುಗನ ಹತ್ತಿರ ಉತ್ತರವಿಲ್ಲ. ಅವನ ಜೀವವೆಲ್ಲ ಆ ಹಕ್ಕಿಯ ಮೇಲೆ. ಕೈಗೊಂದು ಕಾಗದ ಕೊಟ್ಟು ಕಳಿಸುತ್ತಾರೆ. ಕ್ಯಾಂಪಸ್ ಇಂಟರ್ವ್ಯೂಗೆ ಹೋಗುವ ಮುಂಚೆ ಮಾತ್ರ ಇದನ್ನು ಓದಬೇಡಿ.

ಓದುವಾಗ ಒಂದು ತೊಂದರೆ ಇದೆ. ಇವರು ಯಾರೂ ಪಠ್ಯಪುಸ್ತಕದ ಇಂಗ್ಲಿಷ್ ಆಡುವುದಿಲ್ಲ. ನಾಟಿಂಗ್‌ಹ್ಯಾಮ್, ನಾರ್‌ಫೋಕ್, ಯಾರ್ಕ್‌ಶೈರ್, ಒಂದೊಂದರದೂ ಒಂದೊಂದು ನುಡಿ. ಕುಂದಾಪುರದ ಕನ್ನಡವನ್ನು ಬೆಂಗಳೂರಿನವನು ಕಾಗದದ ಮೇಲೆ ಓದಿದ ಹಾಗೆ ಆಗುತ್ತದೆ. ಸಿಲಿಟೋನ ಪುಸ್ತಕವನ್ನು ನಾನೂ ಒಮ್ಮೆ 30 ಪುಟಕ್ಕೇ ಬಿಟ್ಟಿದ್ದೆ. 1960ರ ಸಿನಿಮಾ ನೋಡಿ, ಅದರ ನಾಯಕ ನಟ ಆಲ್ಬರ್ಟ್ ಫಿನ್ನಿಯ ದನಿ ಕಿವಿಗೆ ಹತ್ತಿದಮೇಲೆ ಮತ್ತೆ ಹಿಡಿದೆ. ‘ಎ ಟೇಸ್ಟ್ ಆಫ್ ಹನಿ’ 1961ರಲ್ಲಿ, ಹೈನ್ಸ್‌ನದು ‘ಕೆಸ್’ ಅಂತ 1969ರಲ್ಲಿ ಸಿನಿಮಾ ಆಗಿವೆ. ಮೊದಲು ನೋಡಿ, ಆಮೇಲೆ ಬಾಯಿಬಿಟ್ಟು ಜೋರಾಗಿ ಓದಿ. ರೂಮಿನವರು ಬೈದರೆ ಟೆರೇಸಿಗೆ ಹೋಗಿ.