ಡಚ್ ಚಿತ್ರಕಾರ ವ್ಯಾನ್ ಗೋ 27ಕ್ಕೆ ಶುರು ಮಾಡಿದ, ಫ್ರೆಂಚ್ ಚಿತ್ರಕಾರ ಗೊಗ್ಯಾಂ ಷೇರುಪೇಟೆಯ ಕೆಲಸ ಬಿಟ್ಟು ಬಂದ, ನನಗೀಗ 29. ಕೆಲಸ ಬಿಟ್ಟರೆ ಟೈಮ್ ಸಿಗುತ್ತದೆ, ಬಿಟ್ಟು ಪೇಂಟಿಂಗ್‌ಗೆ ಇಳಿಯಬಹುದಾ? ಯಾವ ಕಂಪನಿಯ ಆಯಿಲ್ ಸೆಟ್ ತಗೊಳ್ಳಲಿ?

ಬಿಡಬೇಡಿ. ಇದೇ ಎರಡು ಹೆಸರು ಹಿಡಿದುಕೊಂಡು ನಾನೂ ಕೂತಿದ್ದೆ. ವ್ಯಾನ್ ಗೋ ಅಷ್ಟು ತಡವಾಗಿ ಶುರು ಮಾಡಿದ, ಗೊಗ್ಯಾಂ ಷೇರುಪೇಟೆಯ ಕೆಲಸವನ್ನೇ ಬಿಟ್ಟು ಬಂದ, ನಾನ್ಯಾಕೆ ಈ ಆಫೀಸಿನಲ್ಲಿ ಕೊಳೆಯಬೇಕು ಅಂತ. ನೀವಾದರೂ ಕೇಳುತ್ತಿದ್ದೀರಿ. ನಾನು ಯಾರನ್ನೂ ಕೇಳದೆ ರಾಜೀನಾಮೆ ಕೊಟ್ಟೆ. ಅಮ್ಮ ಒಂದೇ ಮಾತು ಅಂದಿದ್ದರು: "ಭಾನುವಾರ ಬರೆದ್ರೆ ಸಾಲ್ದೇನೋ?" ನನಗೆ ಸಿಟ್ಟು ಬಂದಿತ್ತು.

ಪಿಎಫ್ ದುಡ್ಡು ತೆಗೆದೆ. ಅದರಲ್ಲಿ ಒಳ್ಳೆಯ ಪಾಲು ಬಣ್ಣಕ್ಕೇ ಹೋಯಿತು. ಕ್ಯಾಡ್ಮಿಯಂ ಹಳದಿ, ಕೋಬಾಲ್ಟ್ ನೀಲಿ, ಬಿಳಿಯ ದೊಡ್ಡ ದೊಡ್ಡ ಟ್ಯೂಬು. ವ್ಯಾನ್ ಗೋ ಥರ ದಪ್ಪಗೆ ಮೆತ್ತಬೇಕು ಅನ್ನುವುದು ಮೊದಲೇ ತೀರ್ಮಾನವಾಗಿತ್ತು. ಡ್ರಾಯಿಂಗ್ ಸರಿಯಾಗಿ ಬರುತ್ತಿರಲಿಲ್ಲ. ಭಾವನೆ ಇದ್ದರೆ ಸಾಕು ಅಂದುಕೊಂಡೆ. ಮೊದಲ ಕೆಲವು ತಿಂಗಳು ಸ್ವರ್ಗ. ಆಮೇಲೆ ಪ್ರತಿ ಚಿತ್ರದ ಹಿಂದೆ ಬಾಡಿಗೆಯ ತಾರೀಖು ಕಾಣಲು ಶುರುವಾಯಿತು.

ಅಷ್ಟರಲ್ಲಿ ಪರಿಚಯದವರ ಮೂಲಕ ಒಂದು ಆರ್ಡರ್ ಬಂತು. ಹೊಸ ಹೋಟೆಲಿನ ಗೋಡೆಗೆ ಎರಡು ದೊಡ್ಡ ಚಿತ್ರ, ಹೂವಿನ ಮಾರುಕಟ್ಟೆಯದ್ದು. ಅಡ್ವಾನ್ಸ್ ಕೂಡ ಕೊಟ್ಟರು. ಚೆಂಡು ಹೂವಿನ ರಾಶಿ ಅಂದಮೇಲೆ ಕೇಳಬೇಕಾ? ಬಣ್ಣ ಹಚ್ಚುವ ಚಪ್ಪಟೆ ನೈಫಿನಲ್ಲಿ ಹಳದಿ, ಕಿತ್ತಳೆ ಎತ್ತಿ ಎತ್ತಿ ಹಚ್ಚಿದೆ. ಕೆಲವು ಕಡೆ ಬಣ್ಣ ಅರ್ಧ ಬೆರಳು ದಪ್ಪ ಇತ್ತು. ಜುಲೈ ತಿಂಗಳು, ಹೊರಗೆ ಜಡಿಮಳೆ.

ಇನ್ನು ತಪ್ಪಿನ ವಿಷಯ. ಇದನ್ನು ಸ್ವಲ್ಪ ಕೊರೆದೇ ಹೇಳುತ್ತೇನೆ, ಸಹಿಸಿಕೊಳ್ಳಿ. ಆಯಿಲ್ ಪೇಂಟ್‌ನಲ್ಲಿ ಆರಿಹೋಗಲು ನೀರೇ ಇರುವುದಿಲ್ಲ. ಅದರಲ್ಲಿರುವ ಅಗಸೆ ಎಣ್ಣೆ ಗಾಳಿಯಿಂದ ಆಮ್ಲಜನಕ ಹೀರಿಕೊಂಡು ನಿಧಾನಕ್ಕೆ ಗಟ್ಟಿಯಾಗುತ್ತದೆ. ತೆಳ್ಳಗೆ ಬಳಿದರೆ ಕೆಲವು ದಿನ ಸಾಕು. ದಪ್ಪಗೆ ಮೆತ್ತಿದರೆ ಮೇಲೆ ಹಾಲಿನ ಕೆನೆಯ ಹಾಗೆ ಪದರ ಕಟ್ಟಿಕೊಳ್ಳುತ್ತದೆ, ಒಳಗೆ ತಿಂಗಳುಗಟ್ಟಲೆ ಹಸಿಯೇ. ಯಾವ ಬಣ್ಣ ಅನ್ನುವುದರ ಮೇಲೂ ಅದು ನಿಂತಿದೆ. ಅಂಬರ್ ಅನ್ನುವ ಕಂದು ಬಣ್ಣ ಬೇಗ ಒಣಗುತ್ತದೆ, ಕ್ಯಾಡ್ಮಿಯಂ ಹಳದಿ ತುಂಬಾ ನಿಧಾನ. ಮಳೆಗಾಲ, ಕಿಟಕಿ ಮುಚ್ಚಿದ ರೂಮು, ಬೆಳಕಿಲ್ಲ ಅಂದರೆ ಇನ್ನೂ ನಿಧಾನ. ಬೆರಳಿನ ತುದಿಯಿಂದ ಮುಟ್ಟಿ ನೋಡಿದೆ, ಅಂಟಲಿಲ್ಲ. ಒಣಗಿದೆ ಅಂತ ನಂಬಿಬಿಟ್ಟೆ. ಪೂರ್ತಿ ನಂಬಿರಲಿಲ್ಲ ಅನ್ನುವುದೇ ನಿಜ. ಆದರೆ ಉಳಿದ ದುಡ್ಡು ಕೈಗೆ ಬಂದರೆ ಮಾತ್ರ ಆ ತಿಂಗಳ ಬಾಡಿಗೆ. ಬಬಲ್ ರ್‍ಯಾಪ್ ಸುತ್ತಿ, ಆಟೋದಲ್ಲಿ ಹಾಕಿಕೊಂಡು ಹೊರಟೆ.

ಹೋಟೆಲಿನಲ್ಲಿ ಬಿಚ್ಚಿದಾಗ ಚೆಂಡು ಹೂವಿನ ರಾಶಿಯ ತುಂಬ ಸಾಲುಸಾಲಾಗಿ ದುಂಡನೆ ಗುಳಿಗಳು. ಒಂದು ಮೂಲೆಯಲ್ಲಿ ಮೇಲಿನ ಪದರ ಪ್ಲಾಸ್ಟಿಕ್ ಜೊತೆಗೇ ಕಿತ್ತು ಬಂತು, ಕೆಳಗೆ ಟ್ಯೂಬಿನಿಂದ ಈಗಷ್ಟೇ ಹಿಂಡಿದಂತಿದ್ದ ಹಳದಿ ಹೊಳೆಯುತ್ತಿತ್ತು. ಮಾಲೀಕರು ಒಳ್ಳೆಯವರು. ಬಗ್ಗಿ ನೋಡಿ, "ಇದೇನ್ರೀ, ಡಿಸೈನಾ?" ಅಂದರು. ಅಡ್ವಾನ್ಸ್ ವಾಪಸ್ ಕೊಡಬೇಕಾಯಿತು. ಅದು ಆಗಲೇ ಬಣ್ಣಕ್ಕೆ ಖರ್ಚಾಗಿತ್ತು. ಅಕ್ಕನ ಹತ್ತಿರ ಕೈಚಾಚಿದೆ.

ಕೆಲಸ ಬಿಟ್ಟರೆ ಟೈಮ್ ಸಿಗುತ್ತದೆ ಅಂತ ನೀವು ಬರೆದಿದ್ದೀರಲ್ಲ, ಅದು ಸುಳ್ಳು. ಕೆಲಸದಲ್ಲಿದ್ದಾಗ ಒಂದು ಕ್ಯಾನ್ವಾಸನ್ನು ಗೋಡೆಗೆ ಒರಗಿಸಿ ಡಿಸೆಂಬರ್‌ವರೆಗೆ ಬೇಕಾದರೂ ಕಾಯಬಹುದಿತ್ತು. ಬಿಟ್ಟ ಮೇಲೆ ಒಂದು ವಾರ ಕಾಯುವ ತಾಕತ್ತು ಇರಲಿಲ್ಲ.

ಆಮೇಲೆ ಕೂತು ವ್ಯಾನ್ ಗೋ ಕಥೆಯನ್ನು ಸರಿಯಾಗಿ ಓದಿದೆ. 27ರಲ್ಲಿ ಏನೂ ಗೊತ್ತಿಲ್ಲದೆ ಧುಮುಕಿದವನಲ್ಲ ಅವನು. 16ನೇ ವಯಸ್ಸಿಗೇ, 1869ರಲ್ಲಿ, ಗುಪಿಲ್ ಅನ್ನುವ ಚಿತ್ರ ಮಾರುವ ಕಂಪನಿ ಸೇರಿದ್ದ. ಹೇಗ್, ಲಂಡನ್, ಪ್ಯಾರಿಸ್ ಅಂತ ಸುಮಾರು ಏಳು ವರ್ಷ ಅವನ ದುಡಿಮೆ ಚಿತ್ರಗಳ ಮಧ್ಯೆಯೇ. 1880ರಲ್ಲಿ ಕಲಾವಿದ ಆಗುತ್ತೇನೆ ಅಂತ ನಿರ್ಧಾರ ಮಾಡಿದಾಗ ಬಣ್ಣ ಮುಟ್ಟಲಿಲ್ಲ. ಬಾರ್ಗ್ ಅನ್ನುವವರ ಡ್ರಾಯಿಂಗ್ ಪಾಠದ ಹಾಳೆಗಳನ್ನು ಶಾಲೆ ಹುಡುಗನ ಥರ ನಕಲು ಮಾಡುತ್ತಾ ಕೂತ. ಎಣ್ಣೆಬಣ್ಣ ಹಿಡಿದದ್ದು 1881ರ ಕೊನೆಗೆ, ಸಂಬಂಧಿ, ಚಿತ್ರಕಾರ ಆಂಟನ್ ಮೌವ್ ಹೇಳಿಕೊಟ್ಟ ಮೇಲೆ. 1885ರ 'ಆಲೂಗಡ್ಡೆ ತಿನ್ನುವವರು' ಚಿತ್ರಕ್ಕೆ ಮೊದಲು ಆ ಚಳಿಗಾಲ ಪೂರ್ತಿ ರೈತರ ಮುಖಗಳನ್ನೇ ಬರೆದ. ನಾವು ಹುಚ್ಚಾಗಿ ನೋಡುವ ಸೂರ್ಯಕಾಂತಿ, ನಕ್ಷತ್ರದ ರಾತ್ರಿ ಎಲ್ಲ 1888, 89ರವು. ನಾನು ಆ ಕೊನೆಯ ಎರಡು ವರ್ಷವನ್ನೇ ಅವನ ಇಡೀ ಜೀವನ ಅಂದುಕೊಂಡಿದ್ದೆ.

ದುಡ್ಡಿನ ಲೆಕ್ಕ ಇನ್ನೂ ಸ್ವಾರಸ್ಯ. ತಮ್ಮ ಥಿಯೋ ಪ್ಯಾರಿಸ್ಸಿನಲ್ಲಿ ಅದೇ ಕಂಪನಿಯ ಒಂದು ಶಾಖೆ ನೋಡಿಕೊಳ್ಳುತ್ತಿದ್ದ. ಸಂಬಳದಲ್ಲಿ ಅಣ್ಣನಿಗೆ ಮೊದಲು ತಿಂಗಳಿಗೆ 100 ಫ್ರಾಂಕ್, ಆಮೇಲೆ 150 ಕಳಿಸುತ್ತಿದ್ದ. ಬಣ್ಣ, ಕ್ಯಾನ್ವಾಸಿನ ಪಾರ್ಸೆಲ್ ಬೇರೆ. ಅದು ಎಷ್ಟು ದುಡ್ಡು ಅಂತೀರಾ? ದಕ್ಷಿಣ ಫ್ರಾನ್ಸಿನ ಆರ್ಲ್ ಊರಿನಲ್ಲಿ ವ್ಯಾನ್ ಗೋ ಮತ್ತೆ ಮತ್ತೆ ಬರೆದ ಗಡ್ಡದ ಪೋಸ್ಟ್‌ಮ್ಯಾನ್ ರೂಲ್ಯಾಂ ಇದ್ದಾರಲ್ಲ, ಅವರ ಸಂಬಳ ತಿಂಗಳಿಗೆ 135 ಫ್ರಾಂಕ್ ಅಂತ ವ್ಯಾನ್ ಗೋನೇ ಕಾಗದದಲ್ಲಿ ಬರೆದಿದ್ದಾನೆ. ಅದರಲ್ಲಿ ಹೆಂಡತಿ, ಮೂರು ಮಕ್ಕಳು. ಅಂದರೆ ನಮ್ಮ 'ಬಡ ಕಲಾವಿದ'ನಿಗೆ ಪೋಸ್ಟ್‌ಮ್ಯಾನ್ ಸಂಬಳಕ್ಕಿಂತ ಜಾಸ್ತಿ ಬರುತ್ತಿತ್ತು! ಬಣ್ಣಕ್ಕೆ, ಮಾಡೆಲ್‌ಗಳಿಗೆ ಸುರಿದು ಕೊನೆಗೆ ಬ್ರೆಡ್ಡು, ಕಾಫಿಯಲ್ಲಿ ದಿನ ತಳ್ಳುತ್ತಿದ್ದ, ಅದು ಬೇರೆ ಮಾತು. ದಪ್ಪ ಚಿತ್ರಗಳು ಒಣಗುವವರೆಗೆ ಇಟ್ಟುಕೊಂಡು ಆಮೇಲೆ ರೈಲಿನಲ್ಲಿ ಪ್ಯಾರಿಸ್ಸಿಗೆ ಕಳಿಸುವ ಅನುಕೂಲ ಆ ದುಡ್ಡಿನಿಂದ ಬಂದದ್ದು. ನಿಮಗೆ ಥಿಯೋ ಇದ್ದಾನಾ? ಅಪ್ಪನನ್ನು, ಹೆಂಡತಿಯನ್ನು ಥಿಯೋ ಮಾಡಬೇಡಿ. ನಾನು ಅಕ್ಕನನ್ನು ಮಾಡಿದ್ದೆ, ಭಾವನ ಮುಖ ನೋಡುವುದು ಕಷ್ಟವಾಗಿತ್ತು.

ಗೊಗ್ಯಾಂ ಬಗ್ಗೆ ಜಾಸ್ತಿ ಹೇಳಲ್ಲ. ಬ್ರೋಕರ್ ಆಗಿದ್ದಾಗಲೇ ಚಿತ್ರಕಾರ ಪಿಸಾರೊ ಹತ್ತಿರ ಕಲಿತು, ಇಂಪ್ರೆಷನಿಸ್ಟರು ಅನ್ನುವ ಆಗಿನ ಹೊಸ ಶೈಲಿಯ ಚಿತ್ರಕಾರರ ಗುಂಪಿನ ಜೊತೆ ಪ್ರದರ್ಶನ ಮಾಡಿದ್ದ. 1882ರಲ್ಲಿ ಪ್ಯಾರಿಸ್ ಷೇರುಪೇಟೆ ಕುಸಿದ ಮೇಲೆ ಆ ಕೆಲಸಕ್ಕೇ ಭವಿಷ್ಯ ಉಳಿದಿರಲಿಲ್ಲ. ಐದು ಮಕ್ಕಳು. ಡೆನ್ಮಾರ್ಕಿನಲ್ಲಿ ಟಾರ್ಪಾಲಿನ್ ಮಾರಲು ಹೋಗಿ ಸೋತ, ಪ್ಯಾರಿಸ್ಸಿಗೆ ವಾಪಸ್ ಬಂದು ಪೋಸ್ಟರ್ ಅಂಟಿಸಿದ. ಹೆಂಡತಿ ಮೆಟ್ ತವರಿನಲ್ಲೇ ಉಳಿದು ಮಕ್ಕಳನ್ನು ಸಾಕಿದಳು. ಇದನ್ನು ಧೈರ್ಯ ಅಂತ ಕರೆಯಲು ನನಗೆ ಮನಸ್ಸಿಲ್ಲ.

ನಿಮಗೆ ಹೀರೋ ಬೇಕೇ ಬೇಕು ಅಂದರೆ ಎಡ್ವರ್ಡ್ ಹಾಪರ್ ಹಿಡಿಯಿರಿ. ನ್ಯೂಯಾರ್ಕಿನ ಚಿತ್ರಕಾರರು, 'ನೈಟ್‌ಹಾಕ್ಸ್' ಅನ್ನುವ ಹೆಸರಾಂತ ಚಿತ್ರ ಬರೆದವರು. 1913ರಲ್ಲಿ ಒಂದು ಚಿತ್ರ 250 ಡಾಲರಿಗೆ ಮಾರಾಟವಾಯಿತು. ಮುಂದಿನ ಪೇಂಟಿಂಗ್ ಯಾವಾಗ ಗೊತ್ತಾ? ಹತ್ತು ವರ್ಷ ಬಿಟ್ಟು, 1923ರಲ್ಲಿ, ಬ್ರೂಕ್ಲಿನ್ ಮ್ಯೂಸಿಯಂ ಒಂದು ಜಲವರ್ಣವನ್ನು 100 ಡಾಲರ್ ಕೊಟ್ಟು ಕೊಂಡಿತು. ಅದೂ ಗೆಳತಿ ಜೋ ಮ್ಯೂಸಿಯಂನವರಿಗೆ ಹಾಪರ್ ಹೆಸರು ಹೇಳಿದ್ದರಿಂದ. ಮುಂದೆ ಅವರನ್ನೇ ಮದುವೆಯಾದರು. ಆ ಹತ್ತು ವರ್ಷ ಹಾಪರ್ ವ್ಯಾಪಾರದ ಪತ್ರಿಕೆಗಳಿಗೆ, ಜಾಹೀರಾತಿಗೆ ಚಿತ್ರ ಬರೆದು ಬದುಕಿದರು. ಆ ಕೆಲಸ ಕಂಡರೆ ಆಗುತ್ತಿರಲಿಲ್ಲ. ಕೆಲಸ ಕೇಳಲು ಹೋದಾಗ, ಸಿಗದಿದ್ದರೆ ಸಾಕಪ್ಪ ಅಂದುಕೊಳ್ಳುತ್ತಾ ಬೀದಿ ಸುತ್ತುತ್ತಿದ್ದರಂತೆ. ಆದರೂ ಬಿಡಲಿಲ್ಲ. 1924ರಲ್ಲಿ ರೆನ್ ಗ್ಯಾಲರಿಯಲ್ಲಿ ಇಟ್ಟ ಜಲವರ್ಣಗಳೆಲ್ಲ ಮಾರಾಟವಾದ ಮೇಲೇ ಬಿಟ್ಟದ್ದು, 42ನೇ ವಯಸ್ಸಿನಲ್ಲಿ. ನ್ಯೂಯಾರ್ಕಿನ ವಾಷಿಂಗ್ಟನ್ ಸ್ಕ್ವೇರಿನ ಮೇಲಿನ ಮಹಡಿಯ ಮನೆಯಲ್ಲಿ, ಒಲೆಗೆ ಕಲ್ಲಿದ್ದಲು ಹೊತ್ತು ಮೆಟ್ಟಿಲು ಹತ್ತುತ್ತಾ ಸಾಯುವವರೆಗೆ ಇದ್ದರು. ಇಳಿವಯಸ್ಸಿನಲ್ಲಿ ವರ್ಷಕ್ಕೆ ಒಂದೆರಡು ಚಿತ್ರ ಅಷ್ಟೇ. ಅರ್ಧ ಟೈಮ್ ಕೊಟ್ಟರೆ ಕಲಾವಿದ ಆಗಲ್ಲ ಅನ್ನುವವರು ಈ ಮನುಷ್ಯನ ಮುಂದೆ ನಿಂತು ಹೇಳಲಿ.

ನಾನು ಮತ್ತೆ ಕೆಲಸಕ್ಕೆ ಸೇರಿದೆ, ಸಂಬಳ ಸ್ವಲ್ಪ ಕಡಿಮೆ. ಬೆಳಿಗ್ಗೆ ಆಫೀಸಿಗೆ ಮುಂಚೆ ಡ್ರಾಯಿಂಗ್, ಶನಿವಾರ ಬಣ್ಣ. ಈಗ ತೆಳ್ಳಗೇ ಹಚ್ಚುತ್ತೇನೆ. ಮಳೆಗಾಲದಲ್ಲಿ ಆಯಿಲ್ ಮುಟ್ಟುವುದೇ ಇಲ್ಲ. ಅಪರೂಪಕ್ಕೆ ಒಂದೆರಡು ಮಾರಾಟವಾಗುತ್ತವೆ.

ಯಾವ ಕಂಪನಿಯ ಆಯಿಲ್ ಸೆಟ್ ತಗೊಳ್ಳಲಿ ಅಂತಲೂ ಕೇಳಿದ್ದೀರಿ. ಈಗ ಯಾವುದೂ ಬೇಡ. ಇದ್ದಿಲ ಕಡ್ಡಿ, ಅಗ್ಗದ ನ್ಯೂಸ್‌ಪ್ರಿಂಟ್ ಹಾಳೆ ತನ್ನಿ. ವ್ಯಾನ್ ಗೋನ ಪತ್ರಗಳು ಆ್ಯಮ್‌ಸ್ಟರ್‌ಡ್ಯಾಮಿನ ವ್ಯಾನ್ ಗೋ ಮ್ಯೂಸಿಯಂ ಕಡೆಯಿಂದ ಇಂಟರ್‌ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತವೆ. ಕಿವಿ ಕೊಯ್ದುಕೊಂಡ ವರ್ಷದ್ದನ್ನು ಆಮೇಲೆ ಓದಿ. ಮೊದಲು 1881ರಿಂದ 83ರವರೆಗಿನದ್ದು ತೆಗೆಯಿರಿ. ಪುಟ ಪುಟಕ್ಕೂ ಕಾಗದ, ಬಾಡಿಗೆ, ಮಾಡೆಲ್‌ಗೆ ಕೊಡಬೇಕಾದ ದುಡ್ಡು. ಅದನ್ನೆಲ್ಲ ಒಂದು ಹಾಳೆಯಲ್ಲಿ ಬರೆದುಕೊಂಡು, ಪಕ್ಕದಲ್ಲಿ ನಿಮ್ಮ ತಿಂಗಳ ಖರ್ಚು ಬರೆಯಿರಿ. ರಾಜೀನಾಮೆ ಪತ್ರ ಆಮೇಲೆ ನೋಡೋಣ.