‘ದಿ ಟೋಲ್ ಗೇಟ್’ ಚಿತ್ರದ ದರೋಡೆಕೋರ ಹೀರೋ ಹೇಗಾದ?
ಕಳ್ಳನನ್ನೇ ಮರ್ಯಾದಸ್ಥ ಅಂತ ಯಾಕೆ ತೋರಿಸಿದ್ದಾರೆ ಅಂತ ಕೇಳಿದ್ದೀರಿ. ಇದು 1920ರ ಮೂಕಿ ವೆಸ್ಟರ್ನ್ (ಅಮೆರಿಕದ ಕೌಬಾಯ್ ಕಾಲದ ಕಥೆ), ನಾಯಕ ವಿಲಿಯಂ ಎಸ್. ಹಾರ್ಟ್. ದರೋಡೆಕೋರರ ಮುಖಂಡ ಬ್ಲ್ಯಾಕ್ ಡೀರಿಂಗ್‌ಗೆ ಅವನ ಗುಂಪಿನ ಜೋರ್ಡನ್ನೇ ಮೋಸ ಮಾಡುತ್ತಾನೆ. ಬೆನ್ನಟ್ಟಿದವರಿಂದ ತಪ್ಪಿಸಿಕೊಂಡು ಓಡುವಾಗ, ನೀರಿನಲ್ಲಿ ಮುಳುಗುತ್ತಿರುವ ಮಗು ಕಣ್ಣಿಗೆ ಬೀಳುತ್ತದೆ. ಸುಮ್ನೆ ಓಡಿದ್ದರೆ ಬಚಾವು, ಆದರೆ ಇವನು ನೀರಿಗೆ ಇಳಿಯುತ್ತಾನೆ. ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲೇ ಇದೆ, ಅಲ್ವಾ? ಮಗುವಿನ ತಾಯಿ ಜೋರ್ಡನ್‌ನ ಹೆಂಡತಿ ಅನ್ನೋದು ಆಮೇಲೆ ಗೊತ್ತಾಗುತ್ತದೆ, ಸೇಡಿಗೆ ಇದಕ್ಕಿಂತ ಒಳ್ಳೆ ಅವಕಾಶ ಸಿಗುವುದಿಲ್ಲ, ಆದರೂ ಅವಳಿಗೆ ಕೆಡುಕು ಮಾಡುವುದಿಲ್ಲ. ಜೋರ್ಡನ್‌ನನ್ನು ಮಾತ್ರ ಬಿಡುವುದಿಲ್ಲ ಬಿಡಿ, ಬಂಡೆಯ ತುದಿಯಿಂದ ಕೆಳಕ್ಕೆ ಎಸೆಯುತ್ತಾನೆ! ಕೊನೆಗೆ ಶೆರಿಫ್ (ಅಲ್ಲಿನ ಪೊಲೀಸ್ ಅಧಿಕಾರಿ) ಇವನನ್ನು ಹೋಗಲು ಬಿಟ್ಟರೂ ಆ ತಾಯಿಯ ಜೊತೆ ಉಳಿಯದೆ, ಒಬ್ಬನೇ ಮೆಕ್ಸಿಕೊ ಕಡೆ ಹೊರಟುಬಿಡುತ್ತಾನೆ.